ಮೂಕಚಿತ್ರವೂ ನಮ್ಮ ಸಾಲಗಡಿಗಳೂ

ಮರಾಠಿಯಲ್ಲಿ ‘ಸಾಲಗಡಿ’ ಎಂಬ ಶಬ್ದವಿದೆ. ಸಾಲ ಎಂದರೆ ವರ್ಷ, ಗಡಿ ಎಂದರೆ ಆಳುಮಗ. ವರ್ಷದ ಕರಾರಿನ ಮೇಲೆ ಒಕ್ಕಲಿಗನ ಮನೆಯಲ್ಲಿ ದುಡಿಯಲು ನಿಂತವನು ಎಂದು ಅದರ ಅರ್ಥ. ಉಮರ್ಗಾ, ನಿಲಂಗಾ, ಉದಗೀರ ಭಾಗದ ನಮ್ಮಂಥವರ ಕಿವಿಗೆ ಮಾತ್ರ ಅದು ಹಾಗೆ ಕೇಳಿಸುವುದಿಲ್ಲ. ಮನೆಯಲ್ಲಿ ಕನ್ನಡ, ಶಾಲೆಯಲ್ಲಿ ಮರಾಠಿ ಎಂದು ಬೆಳೆದ ನಮಗೆ ಆ ಶಬ್ದದಲ್ಲಿ ಮೊದಲು ‘ಸಾಲ’ ಕೇಳಿಸುತ್ತದೆ, ಅನಂತರ ‘ಗಡಿ’ ಕೇಳಿಸುತ್ತದೆ. ವ್ಯುತ್ಪತ್ತಿಯ ದೃಷ್ಟಿಯಿಂದ ಇದು ತಪ್ಪು. ಆದರೆ ಅರ್ಥದ ದೃಷ್ಟಿಯಿಂದಲೂ ತಪ್ಪೆಂದು ಹೇಳಲು, ಮೂವತ್ತು ವರ್ಷ ಮಕ್ಕಳಿಗೆ ವ್ಯಾಕರಣ ಕಲಿಸಿದ ನನಗೂ ಧೈರ್ಯ ಸಾಲದು.

ಸಮ್ಮೇಳನದ ಸ್ಮರಣ ಸಂಚಿಕೆಗೆ ಒಂದು ಲೇಖನ ಬೇಕೆಂದು ಸಂಘದ ಗೆಳೆಯರು ಕೇಳಿದಾಗ, ಶರಣರ ಕಾಯಕತತ್ತ್ವದ ಮೇಲೋ ಗಡಿನಾಡಿನ ಶಾಸನಗಳ ಮೇಲೋ ಬರೆಯುವೆನೆಂದು ಅವರು ಎಣಿಸಿದ್ದಿರಬೇಕು. ಆ ವಿಷಯಗಳನ್ನು ನನಗಿಂತ ಬಲ್ಲವರು ಈ ಸಂಚಿಕೆಯಲ್ಲಿ ಬರೆದೇ ಇರುತ್ತಾರೆ. ನಾನು ಬರೆಯಲು ಹೊರಟಿರುವುದು ನೂರು ವರ್ಷಕ್ಕೂ ಹಳೆಯದಾದ ಒಂದು ಅಮೆರಿಕನ್ ಮೂಕಚಿತ್ರದ ವಿಷಯ. ಅದು ನನ್ನ ತಂದೆಯವರ ಮನೆಯ ಇಬ್ಬರು ಸಾಲಗಡಿಗಳನ್ನು ನನಗೆ ಹೊಸದಾಗಿ ತೋರಿಸಿಕೊಟ್ಟ ವಿಷಯ.

ಚಿತ್ರದ ಹೆಸರು ‘ಸ್ಟ್ರೇಟ್ ಶೂಟಿಂಗ್’. 1917ರ ಆಗಸ್ಟ್ ತಿಂಗಳಲ್ಲಿ ಬಿಡುಗಡೆಯಾದದ್ದು. ನಿರ್ದೇಶಕ ಜಾನ್ ಫೋರ್ಡ್. ಆಗ ಆತನಿಗೆ 23 ವರ್ಷ. ಮುಂದೆ ಜಗತ್ಪ್ರಸಿದ್ಧನಾದ ಆತನ ಮೊದಲ ಪೂರ್ಣಪ್ರಮಾಣದ ಚಿತ್ರವಿದು. ಬಹುಕಾಲ ಕಳೆದೇ ಹೋಯಿತೆಂದು ತಿಳಿದಿದ್ದ ಇದರ ಪ್ರತಿಯೊಂದು 1960ರ ದಶಕದಲ್ಲಿ ಚೆಕೊಸ್ಲೊವಾಕಿಯಾದ ಚಲನಚಿತ್ರ ಭಂಡಾರದಲ್ಲಿ ಸಿಕ್ಕಿತು. ಪುಣೆಯಲ್ಲಿರುವ ಮಗನ ಮನೆಯಲ್ಲಿ ಬೇಸಿಗೆ ಕಳೆಯುವಾಗ ಮೊಮ್ಮಗನು ಕಂಪ್ಯೂಟರಿನಲ್ಲಿ ಅದನ್ನು ಹಾಕಿಕೊಟ್ಟ. ಸದ್ದಿಲ್ಲ, ಬಣ್ಣವಿಲ್ಲ, ಹುಡುಗ ಹತ್ತು ನಿಮಿಷಕ್ಕೆ ಎದ್ದುಹೋದ. ನಾನು ಕೊನೆಯವರೆಗೂ ಕುಳಿತು ನೋಡಿದೆ.

ಕಥೆ ನಮ್ಮವರಿಗೆ ಹೊಸದೇನಲ್ಲ. ಒಂದು ಬಯಲು ಸೀಮೆ. ಅಲ್ಲಿ ಸಾವಿರಾರು ದನಗಳ ಒಡೆಯನಾದ ಫ್ಲಿಂಟ್ ಎಂಬ ದೊಡ್ಡ ಧಣಿ. ಅವನ ಮೇವಿನ ಬಯಲಿನ ಅಂಚಿಗೆ ಬೇಲಿ ಹಾಕಿಕೊಂಡು ಉತ್ತು ಬಿತ್ತುವ ಸಿಮ್ಸ್ ಎಂಬ ಬಡ ರೈತ. ಇಬ್ಬರಿಗೂ ನೀರು ಬೇಕು. ರೈತರನ್ನು ಓಡಿಸಬೇಕೆಂದು ಧಣಿಯು ನೀರನ್ನೇ ತಡೆಯುತ್ತಾನೆ; ಸಾಲದ್ದಕ್ಕೆ ಚೆಯೆನ್ ಹ್ಯಾರಿ ಎಂಬ ಬಂದೂಕುಗಾರನನ್ನು ಕೂಲಿಗೆ ಕರೆಸುತ್ತಾನೆ. ಹ್ಯಾರಿ ಕೇರಿಯ ಪಾತ್ರವದು. ನೀರಿಗೆಂದು ಹೋದ ರೈತನ ಮಗನನ್ನು ಧಣಿಯ ಕಡೆಯವನೊಬ್ಬ ಗುಂಡಿಟ್ಟು ಕೊಲ್ಲುತ್ತಾನೆ. ಆ ಮನೆಯವರು ಮಣ್ಣು ಕೊಡುತ್ತಾ ಅಳುವುದನ್ನು ಕಂಡ ಹ್ಯಾರಿಯ ಮನಸ್ಸು ತಿರುಗುತ್ತದೆ. ತಾನು ಹಿಡಿದ ಕೂಲಿಯನ್ನು ಬಿಟ್ಟು ರೈತರ ಕಡೆ ನಿಲ್ಲುತ್ತಾನೆ. ಇನ್ನೊಬ್ಬ, ಸ್ಯಾಮ್ ಎಂಬ ತರುಣ. ಅವನು ಧಣಿಯ ದನ ಕಾಯುವವ, ಆದರೆ ರೈತನ ಮಗಳಲ್ಲಿ ಮನಸ್ಸಿಟ್ಟವ. ಊಟ ಒಂದು ಕಡೆ, ಕರುಳು ಇನ್ನೊಂದು ಕಡೆ. ಹೀಗೆ ಧಣಿಯ ಕೈಕೆಳಗಿನವರೇ ಎರಡಾಗಿ, ಒಬ್ಬರಿಗೊಬ್ಬರು ಬಂದೂಕು ಹಿಡಿಯುತ್ತಾರೆ. ಕೊನೆಗೆ ಬೀದಿಯಲ್ಲಿ ಎದುರುಬದುರಾಗಿ ನಿಲ್ಲುವವರೂ ಇಬ್ಬರು ಕೂಲಿಯವರೇ. ಇಬ್ಬರನ್ನೂ ಕೂಲಿಗಿಟ್ಟವನು ಒಬ್ಬನೇ.

ಸತ್ತ ಸಹೋದರನ ಊಟದ ತಟ್ಟೆಯನ್ನು ತಂಗಿ ಎದೆಗವಚಿಕೊಳ್ಳುವ ಒಂದು ಗಳಿಗೆ ಆ ಚಿತ್ರದಲ್ಲಿದೆ. ಮಾತಿದ್ದರೆ ಅಲ್ಲಿ ಏನಾದರೊಂದು ಸಂಭಾಷಣೆ ತುರುಕಿ ಕೆಡಿಸುತ್ತಿದ್ದರು. ಮಾತಿಲ್ಲದ್ದರಿಂದ ಉಳಿದುಕೊಂಡಿದೆ.

ಇಂಥ ಚಿತ್ರಗಳ ಪರಂಪರೆ 1903ರ ‘ದಿ ಗ್ರೇಟ್ ಟ್ರೇನ್ ರಾಬರಿ’ಯ ಕಾಲದಿಂದ ಬಲಿಯಿತು. ಎಡ್ವಿನ್ ಪೋರ್ಟರ್ ತೆಗೆದ ಹನ್ನೆರಡು ನಿಮಿಷದ ಚಿತ್ರ. ಪಶ್ಚಿಮದ ಕಾಡುಮೇಡಿನ ಕಥೆಯಾದರೂ ಬಹುಪಾಲು ಚಿತ್ರೀಕರಣ ನಡೆದದ್ದು ಪೂರ್ವ ಕರಾವಳಿಯ ನ್ಯೂಜೆರ್ಸಿಯಲ್ಲಿ. ಮುಂದಿನ ಇಪ್ಪತ್ತು ಮೂವತ್ತು ವರ್ಷ ಕುದುರೆ, ಬಂದೂಕು, ದನದ ಹಿಂಡುಗಳ ಈ ಚಿತ್ರಗಳು ಹಡಗು ಹತ್ತಿ ನಮ್ಮ ದೇಶಕ್ಕೂ ಬಂದವು. 1927ರಲ್ಲಿ ರಂಗಾಚಾರಿಯರ್ ಅಧ್ಯಕ್ಷತೆಯಲ್ಲಿ ನೇಮಕವಾದ ಚಲನಚಿತ್ರ ಸಮಿತಿಯು ವಿಚಾರಣೆ ನಡೆಸಿದಾಗ, ನಮ್ಮ ಚಿತ್ರಮಂದಿರಗಳಲ್ಲಿ ತೋರಿಸುತ್ತಿದ್ದ ಚಿತ್ರಗಳಲ್ಲಿ ಹೆಚ್ಚಿನವು ಅಮೆರಿಕದವೇ ಆಗಿದ್ದವು. ಓದು ಬರಹ ತಿಳಿಯದವರಿಗೂ ಕುದುರೆಯ ಓಟ ತಿಳಿಯುತ್ತದೆ. ನಡುನಡುವೆ ಬರುವ ಬರಹದ ಪಟ್ಟಿಯನ್ನು ಗಟ್ಟಿಯಾಗಿ ಓದಿ ಹೇಳಲು ಒಬ್ಬ ಮನುಷ್ಯನಿದ್ದರೆ ಸಾಕು, ಉಳಿದದ್ದು ಕಣ್ಣಿನ ಕೆಲಸ.

ನಮ್ಮ ಮನೆಯ ಹಿರಿಯ ಸಾಲಗಡಿ ಅಂಥ ಚಿತ್ರವನ್ನು ಕಂಡಿದ್ದ. ಅವನನ್ನು ನಾವೆಲ್ಲ ಕಾಕಾ ಎಂದು ಕರೆಯುತ್ತಿದ್ದೆವು. ನಿಜಾಮನ ಆಳಿಕೆಯ ಕಾಲದಲ್ಲಿ, ಇನ್ನೂ ಮೀಸೆ ಮೂಡದ ವಯಸ್ಸಿನಲ್ಲಿ, ಯಾರದೋ ಎತ್ತುಗಳ ಹಿಂದೆ ಮಾಳೇಗಾಂವದ ಖಂಡೋಬನ ಜಾತ್ರೆಗೆ ಹೋದಾಗ ತಂಬುವಿನಲ್ಲಿ ‘ಮೂಕಿ ಪಿಚ್ಚರ’ ನೋಡಿದೆನೆಂದು ಹೇಳುತ್ತಿದ್ದ. ಬಿಳಿಯ ಮಂದಿ ಕುದುರೆ ಮೇಲೆ ದನ ಕಾಯುತ್ತಿದ್ದರಂತೆ. ಒಬ್ಬ ಮನುಷ್ಯ ಕೋಲು ಹಿಡಿದು ನಿಂತು ಉರ್ದುವಿನಲ್ಲಿ ಕಥೆ ಹೇಳುತ್ತಿದ್ದನಂತೆ. ಕಾಕಾನಿಗೆ ಅದರಲ್ಲಿ ಹಿಡಿಸದೆ ಇದ್ದದ್ದು ಒಂದೇ: “ಅಷ್ಟು ದನ ಅವ, ಒಬ್ಬನರೆ ಹಾಲು ಹಿಂಡ್ಲಿಲ್ಲ ನೋಡ್ ತಮ್ಮಾ. ಅವೆಂಥ ಒಕ್ಕಲಿಗರು!” ಪುಣೆಯಲ್ಲಿ ಕುಳಿತು ನೋಡುವಾಗ ನನಗೂ ಅದೇ ಕಂಡಿತು. ಕೊನೆಯವರೆಗೂ ಒಬ್ಬನಾದರೂ ಚರಿಗೆ ಹಿಡಿಯಲಿಲ್ಲ.

ಹಾಲಿನ ಮಾತು ಹಾಗಿರಲಿ. ಆ ಕುದುರೆಯ ಮೇಲಿನವರು ಮಾಲೀಕರಲ್ಲ, ಸಂಬಳದ ಆಳುಗಳು ಎಂಬುದನ್ನು ನಾವು ಮರೆಯುತ್ತೇವೆ. 1883ರಲ್ಲಿ ಟೆಕ್ಸಾಸಿನ ಉತ್ತರ ಭಾಗದಲ್ಲಿ ಕೆಲವು ದೊಡ್ಡ ದನದ ಕಮತಗಳ ಕೌಬಾಯ್‌ಗಳು ಮುಷ್ಕರವನ್ನೇ ಹೂಡಿದ್ದರು. ತಿಂಗಳಿಗೆ 50 ಡಾಲರ್ ಕೊಡಿ ಎಂದು ಅವರ ಬೇಡಿಕೆ. ಮೊದಲು ಆಳುಗಳು ತಮ್ಮದೆಂದು ನಾಲ್ಕು ದನ ಕಟ್ಟಿಕೊಳ್ಳಲು ಹಳೆಯ ಧಣಿಗಳು ಬಿಡುತ್ತಿದ್ದರು. ದೂರದ ಪಟ್ಟಣಗಳ ಬಂಡವಾಳದ ಕಂಪನಿಗಳು ಬಂದಮೇಲೆ ಅದೂ ನಿಂತುಹೋಯಿತು. ಮುಷ್ಕರ ಎರಡು ತಿಂಗಳ ಮೇಲೆ ಕೆಲವು ದಿನ ನಡೆದು ಸೋತಿತು. ಸೋಲಲು ಕಾರಣ ಸರಳ: ಅವರ ಜಾಗಕ್ಕೆ ಬರಲು ಬೇರೆ ಆಳುಗಳು ಸಿಕ್ಕರು. ಸಿನಿಮಾದವರು ಈ ಕಥೆಯನ್ನು ಹೆಚ್ಚು ತೋರಿಸಲಿಲ್ಲ. ಬಂದೂಕಿನ ಜಗಳ ತೋರಿಸುವುದು ಸುಲಭ. ಪಗಾರದ ಜಗಳ ಅಷ್ಟು ಚೆಂದ ಕಾಣುವುದಿಲ್ಲ.

ನಮ್ಮಲ್ಲಿ ತೋರಿಸಿದವರೊಬ್ಬರಿದ್ದರು. ಕೊಲ್ಹಾಪುರದ ಬಾಬೂರಾವ್ ಪೇಂಟರ್ 1925ರಲ್ಲಿ ‘ಸಾವಕಾರಿ ಪಾಶ’ ಎಂಬ ಮೂಕಚಿತ್ರ ತೆಗೆದರು. ನಾರಾಯಣ ಹರಿ ಆಪ್ಟೆಯವರ ಕಥೆ. ಸಾಹುಕಾರನ ಕಪಟದಿಂದ ಹೊಲ ಕಳೆದುಕೊಂಡ ರೈತ ಪಟ್ಟಣ ಸೇರಿ ಗಿರಣಿ ಕೂಲಿಯಾಗುತ್ತಾನೆ. ಆ ರೈತನ ಪಾತ್ರ ಮಾಡಿದವರು ಮುಂದೆ ಹೆಸರಾದ ವಿ. ಶಾಂತಾರಾಮ್. ಕುದುರೆಯಿಲ್ಲ, ಬಂದೂಕಿಲ್ಲ, ಒಂದು ಕಾಗದ, ಅದರ ಮೇಲೊಂದು ಬರಹ, ಅಷ್ಟೇ. ಆ ಚಿತ್ರದ ಪ್ರತಿ ಇಂದು ಉಳಿದಿಲ್ಲ. ಫೋರ್ಡನ ಚಿತ್ರಕ್ಕೆ ಚೆಕೊಸ್ಲೊವಾಕಿಯಾದಲ್ಲೊಂದು ಕಪಾಟು ಸಿಕ್ಕಿತು. ನಮ್ಮ ರೈತನಿಗೆ ಎಲ್ಲಿಯೂ ಸಿಗಲಿಲ್ಲ.

ಕಾಗದದ ಮೇಲಿನ ಬರಹದ ಮಾತು ಬಂದದ್ದರಿಂದ ಇನ್ನು ನಮ್ಮ ಮನೆಯ ಸಂಗತಿಗೆ ಬರುತ್ತೇನೆ.

ನಮ್ಮ ಹಳ್ಳಿ ನಿಲಂಗಾ ತಾಲೂಕಿನ ಅಂಚಿನಲ್ಲಿದೆ. ನಾನು ಹುಟ್ಟಿದಾಗ ಅದು ಹೈದರಾಬಾದ್ ಸಂಸ್ಥಾನದ ಬೀದರ ಜಿಲ್ಲೆಯಲ್ಲಿತ್ತು. 1956ರ ನವೆಂಬರ್ 1ರಂದು ಅಹಮದಪುರ, ನಿಲಂಗಾ, ಉದಗೀರ ತಾಲೂಕುಗಳು ಬೀದರದಿಂದ ಬೇರ್ಪಟ್ಟು ಮುಂಬಯಿ ರಾಜ್ಯಕ್ಕೆ ಸೇರಿದವು. ನಾವು ಉಸ್ಮಾನಾಬಾದ ಜಿಲ್ಲೆಯವರಾದೆವು. 1960ರಲ್ಲಿ ಮಹಾರಾಷ್ಟ್ರದವರಾದೆವು, 1982ರಲ್ಲಿ ಲಾತೂರ ಜಿಲ್ಲೆಯವರಾದೆವು. ಹೊಲ ಮಾತ್ರ ಇದ್ದಲ್ಲಿಯೇ ಇತ್ತು. ದನಗಳಿಗೂ ಈ ಬದಲಾವಣೆ ತಿಳಿಯಲಿಲ್ಲ. ದೇವಣಿ ತಳಿಯ ದನ ಅತ್ತ ಬೀದರದ ಒಕ್ಕಲಿಗನಲ್ಲೂ ಇತ್ತ ಉದಗೀರದವನಲ್ಲೂ ಒಂದೇ ಮುಖದ್ದು. ಬಿಳಿಯ ಮೈ, ಮುಖದ ಎರಡೂ ಕಡೆ ಕಪ್ಪು ಇದ್ದರೆ ವಾನೇರಾ. ಮೈತುಂಬ ಕಪ್ಪು ಮಚ್ಚೆ ಇದ್ದರೆ ಶೇವರಾ. ಬಹುತೇಕ ಅಚ್ಚ ಬಿಳುಪಾದರೆ ಬಾಳಂಕ್ಯಾ. ಹಾಲಿಗೂ ಬಂತು, ಗಳೆಗೂ ಬಂತು. ಜರ್ಸಿ ಆಕಳುಗಳ ಮೋಹದಲ್ಲಿ ನಡುವೆ ಅದನ್ನು ಕೈಬಿಟ್ಟವರು ಈಗ ಮತ್ತೆ ಹುಡುಕಿಕೊಂಡು ಅಲೆಯುತ್ತಿದ್ದಾರೆ.

ತಂದೆಯವರಿಗೆ ಎರಡು ಗಳೆಯ ಕಮತವಿತ್ತು. 1961ರಲ್ಲಿ ಇಬ್ಬರು ಸಾಲಗಡಿಗಳಿದ್ದರು. ಒಬ್ಬ ಕಾಕಾ, ಕನ್ನಡ ಮಾತಿನವ. ವಯಸ್ಸು ನಲವತ್ತೈದರ ಆಚೆ. ನಮ್ಮಲ್ಲಿ ಎಂಟು ವರ್ಷದಿಂದ ಇದ್ದವ. ಇನ್ನೊಬ್ಬ ಮಾಂಜ್ರಾ ನದಿಯ ಆಚೆಯ ಊರಿನ ಮರಾಠಿ ಹುಡುಗ, ಇಪ್ಪತ್ತೆರಡೋ ಇಪ್ಪತ್ತಮೂರೋ ವರ್ಷದವ. ಅವನನ್ನು ದಾದಾ ಎನ್ನುತ್ತಿದ್ದೆ. ಸಾಲಗಡಿಯ ವರ್ಷ ಯುಗಾದಿಯಿಂದ ಯುಗಾದಿಗೆ. ಆ ಒಂದು ದಿನ ಮಾತ್ರ ಅವನಿಗೆ ಬಾಯಿ ಇರುತ್ತದೆ. ಇಷ್ಟು ರೂಪಾಯಿ, ಇಷ್ಟು ಚೀಲ ಜೋಳ, ಒಂದು ಧೋತರ, ಒಂದು ಜೋಡು ಮೆಟ್ಟು, ಒಂದು ಕಂಬಳಿ ಎಂದು ಕಟ್ಟೆಯ ಮೇಲೆ ಚೌಕಾಶಿ ನಡೆಯುತ್ತದೆ. ಮುಂಗಡವಾಗಿ ಎತ್ತಿಕೊಂಡ ಹಣಕ್ಕೆ ‘ಉಚಲ’ ಎಂದು ಹೆಸರು. ಕೆಲಸಕ್ಕೆ ಬಾರದ ದಿನಗಳನ್ನು ‘ಖಾಡೆ’ ಎಂದು ಬರೆದಿಟ್ಟು ವರ್ಷದ ಕೊನೆಗೆ ಮುರಿದುಕೊಳ್ಳುತ್ತಾರೆ. ಟೆಕ್ಸಾಸಿನ ಆಳುಗಳು ಒಟ್ಟಾಗಿ ಕೇಳಲು ಒಂದು ಸಲವಾದರೂ ಹೊರಟರು; ನಮ್ಮಲ್ಲಿ ಒಬ್ಬೊಬ್ಬನೇ ಕಟ್ಟೆ ಹತ್ತಬೇಕು, ಒಬ್ಬೊಬ್ಬನೇ ಇಳಿಯಬೇಕು. ಆ ವರ್ಷ ಕಾಕಾನಿಗೆ 200 ರೂಪಾಯಿ ಆದರೆ ಹೊಸದಾಗಿ ಬಂದ ದಾದಾನಿಗೆ 225 ಆಯಿತು. ಹರೆಯದವನ ತೋಳಿಗೆ ಬೆಲೆ ಹೆಚ್ಚು. ಈ ಸಂಗತಿ ಕಾಕಾನಿಗೆ ತಿಳಿಯಲು ಎಂಟು ದಿನವೂ ಬೇಕಾಗಲಿಲ್ಲ.

ಆದರೂ ಇಬ್ಬರೂ ಒಂದೇ ಕೊಟ್ಟಿಗೆಯಲ್ಲಿ ಮಲಗುತ್ತಿದ್ದರು, ಒಂದೇ ಚಿಲುಮೆ ಸೇದುತ್ತಿದ್ದರು. ಬೆಳಗಿನ ಜಾವ ಬಾವಿಯ ಮೇಲೆ ತೊಗಲಿನ ಮೋಟ ಹೊಡೆಯುವಾಗ ಕಾಕಾ ಕನ್ನಡದಲ್ಲಿ ಒಂದು ಪದ ಎತ್ತಿದರೆ ದಾದಾ ಮರಾಠಿಯಲ್ಲಿ ಇನ್ನೊಂದು ಎತ್ತುತ್ತಿದ್ದ. ಇಬ್ಬರಿಗೂ ಇನ್ನೊಬ್ಬನ ಭಾಷೆ ಅರ್ಧ ಬರುತ್ತಿತ್ತು. ಆ ಎರಡು ಅರ್ಧ ಸೇರಿಸಿಕೊಂಡು ಬದುಕು ಸಾಗಿತ್ತು.

ಆ ಶ್ರಾವಣದಲ್ಲಿ ಮಳೆ ಇಪ್ಪತ್ತು ದಿನ ಹಿಂಜರಿಯಿತು. ಮೊಳಕಾಲೆತ್ತರದ ಜೋಳ ಬಾಡಿ ನಿಂತಿತು. ಬಾಡಿದ ಎಳೆಯ ಜೋಳ ದನಕ್ಕೆ ವಿಷ ಎಂಬುದು ನಮ್ಮ ಭಾಗದ ಹಸುಗೂಸಿಗೂ ಗೊತ್ತು. ಅದರ ಎಲೆಯಲ್ಲಿ ಹುಟ್ಟುವ ವಿಷ ಉಸಿರು ಕಟ್ಟಿಸಿ ಕೊಲ್ಲುತ್ತದೆ. ಒಂದು ರಾತ್ರಿ ವಾನೇರಾ ಎತ್ತಿನ ಹಗ್ಗ ಕಳಚಿ, ಅದು ಪಕ್ಕದ ಹೊಲಕ್ಕೆ ನುಗ್ಗಿ ಹೊಟ್ಟೆ ತುಂಬ ಮೇಯಿತು. ಬೆಳಗಾಗುವಷ್ಟರಲ್ಲಿ ಬದುವಿನ ಮೇಲೆ ಬಿದ್ದು ಬಾಯಲ್ಲಿ ನೊರೆ ಬಿಡುತ್ತಿತ್ತು. ಬೆಲ್ಲದ ನೀರು ಹಾಕಿದರು, ಮಜ್ಜಿಗೆ ಹಾಕಿದರು. ಸೂರ್ಯ ಮೇಲೇರುವ ಮೊದಲು ಎತ್ತು ಸತ್ತಿತು. ಕಾಕಾ ಅದರ ಕೋಡಿನ ಮೇಲೆ ಕೈಯಿಟ್ಟು ಕುಳಿತವನು ಮಧ್ಯಾಹ್ನದವರೆಗೆ ಏಳಲಿಲ್ಲ.

ಹಗ್ಗ ಕಟ್ಟಿದವರು ಯಾರು? ನೀನು ಕಟ್ಟಿದ್ದೆ ಎಂದು ದಾದಾ. ಸಂಜೆ ನೀರು ಕುಡಿಸಿ ತಂದವನು ನೀನು, ಆದ್ದರಿಂದ ನೀನೇ ಕಟ್ಟಬೇಕಿತ್ತು ಎಂದು ಕಾಕಾ. ಮೊದಲ ದಿನ ಕೂಗಾಡಿದರು, ಎರಡನೆಯ ದಿನ ಬಾರಕೋಲು ಎತ್ತಿದರು, ನೆರೆಯವರು ಬಿಡಿಸಿದರು. ಮೂರನೆಯ ದಿನದಿಂದ ಮಾತು ಬಿಟ್ಟರು.

ಮಾತು ಬಿಟ್ಟದ್ದು ಒಂದೆರಡು ವಾರಕ್ಕಲ್ಲ. ಒಂದೇ ಕೊಟ್ಟಿಗೆ, ಒಂದೇ ಗಳೆ, ಒಂದೇ ಬಂಡಿ. ಮಾತಿಲ್ಲದೆ ಕೆಲಸ ಹೇಗೆ ನಡೆದೀತು? ಅದಕ್ಕೆ ಹನ್ನೊಂದು ವರ್ಷದ ನಾನು ಬೇಕಾದೆ. “ಅವನಿಗಿ ಹೇಳ್ ತಮ್ಮಾ, ಎಡಗಡಿ ಎತ್ತಿನ ಹಗ್ಗ ಸವದದ ಅಂತ” ಎಂದು ಕಾಕಾ ಹೇಳಬೇಕು. ದಾದಾ ಎರಡು ಮಾರು ದೂರದಲ್ಲೇ ನಿಂತು ಎಲ್ಲವನ್ನೂ ಕೇಳಿಸಿಕೊಂಡಿರುತ್ತಾನೆ. ಆದರೂ ನಾನು ಮರಾಠಿಯಲ್ಲಿ ಹೇಳುವವರೆಗೆ ಕೇಳದವನಂತೆ ನಿಲ್ಲುತ್ತಾನೆ. ಅನಂತರ “ಸಾಂಗ್ ತ್ಯಾಲಾ, ಮಲಾ ದಿಸ್ತಂಯ್” ಎಂದು ಅವನ ಉತ್ತರ. ಅದನ್ನು ನಾನು ಕನ್ನಡಕ್ಕೆ ತಿರುಗಿಸಬೇಕು. ಬೈಗುಳಗಳನ್ನು ನಡುವೆಯೇ ಬಿಟ್ಟುಬಿಡುತ್ತಿದ್ದೆ. ಮೂಕಚಿತ್ರದಲ್ಲಿ ನಟನ ತುಟಿ ಬಹಳ ಹೊತ್ತು ಅಲುಗಾಡುತ್ತದೆ, ಆಮೇಲೆ ಬರುವ ಪಟ್ಟಿಯಲ್ಲಿ ಒಂದೇ ಸಾಲು ಇರುತ್ತದೆ. ನಾನು ಮಾಡಿದ ಅನುವಾದವೂ ಹಾಗೆಯೇ ಇತ್ತು. ಎರಡು ಭಾಷೆಯ ಮೇಲೆ ನನಗೆ ಏನಾದರೂ ಹಿಡಿತವಿದ್ದರೆ ಅದರ ಮೊದಲ ಪಾಠಶಾಲೆ ಆ ದನದ ಕೊಟ್ಟಿಗೆ.

ಎಳ್ಳಮಾವಾಸ್ಯೆಯಾದರೂ ಇವರನ್ನು ಕೂಡಿಸೀತು ಎಂದು ನನ್ನ ತಾಯಿಯವರು ಆಸೆಪಟ್ಟಿದ್ದರು. ನಮ್ಮ ಭಾಗದಲ್ಲಿ ಅದಕ್ಕಿಂತ ದೊಡ್ಡ ಹಬ್ಬವಿಲ್ಲ. ಮರಾಠಿಯವರು ಅದನ್ನೇ ‘ಯೆಳವಸ’ ಎನ್ನುತ್ತಾರೆ. ಎಳ್ಳಮಾವಾಸ್ಯೆ ಎಂಬ ಕನ್ನಡ ಮಾತೇ ಅವರ ನಾಲಗೆಯಲ್ಲಿ ಹಾಗಾಗಿದೆ. ಹೊಲದಲ್ಲಿ ಕಣಕಿಯ ಸೂಡುಗಳಿಂದ ಕೊಂಪೆ ಕಟ್ಟಿ, ಒಳಗೆ ಐದು ಕಲ್ಲುಗಳನ್ನು ಪಾಂಡವರೆಂದು ಇಟ್ಟು ಪೂಜಿಸಿ, ಹೊಲದ ಸುತ್ತ ಚರಗ ಚೆಲ್ಲುತ್ತಾರೆ. ಚರಗ ಚೆಲ್ಲುವಾಗಿನ ಕೂಗು ಕನ್ನಡದ್ದು. ಮನೆಯಲ್ಲಿ ಒಂದಕ್ಷರ ಕನ್ನಡವಾಡದ ಮರಾಠಿ ಒಕ್ಕಲಿಗನೂ ಅದೇ ಕೂಗು ಕೂಗುತ್ತಾನೆ. ಗಡಿ ಆಯೋಗಗಳ ಮುಂದೆ ವಾದ ಮಂಡಿಸಿದ ದೊಡ್ಡವರು ಒಂದು ಸಲ ಈ ಹಬ್ಬದ ದಿನ ಹೊಲಕ್ಕೆ ಬಂದಿದ್ದರೆ ಚೆನ್ನಾಗಿತ್ತು. ಆ ದಿನ ಧಣಿ, ಆಳು, ನೆಂಟರು, ದಾರಿಹೋಕರು ಎಲ್ಲರೂ ಒಂದೇ ಪಂಕ್ತಿಯಲ್ಲಿ ಕುಳಿತು ಭಜ್ಜಿ, ಸಜ್ಜೆಯ ಉಂಡಿ, ಅಂಬಲಿ ಉಣ್ಣಬೇಕು. ನಮ್ಮವರಿಬ್ಬರೂ ಉಂಡರು. ಒಬ್ಬ ಪೂರ್ವಕ್ಕೆ ಮುಖ ಮಾಡಿ, ಇನ್ನೊಬ್ಬ ಪಶ್ಚಿಮಕ್ಕೆ ಮುಖ ಮಾಡಿ. ಅಂಬಲಿಯ ಮಗಿಯನ್ನು ಒಬ್ಬನಿಂದ ಇನ್ನೊಬ್ಬನಿಗೆ ನಾನೇ ದಾಟಿಸಿದೆ.

ಮುಂದಿನ ಯುಗಾದಿಗೆ ಇಬ್ಬರಲ್ಲೊಬ್ಬ ಬಿಟ್ಟುಹೋಗುವನೆಂದು ಊರೆಲ್ಲ ಎಣಿಸಿತ್ತು. ಇಬ್ಬರೂ ಹೋಗಲಿಲ್ಲ. ಏಕೆಂದು ನನಗೆ ಆಗ ತಿಳಿಯಲಿಲ್ಲ. ಹೀಗೆ ಎರಡು ವರ್ಷ ಮುಗಿದು ಮೂರನೆಯ ವರ್ಷದ ಯುಗಾದಿಗೆ ದಾದಾ ತನ್ನ ಕಂಬಳಿ ಹೆಗಲಿಗೆ ಹಾಕಿಕೊಂಡು ನದಿ ದಾಟಿ ಹೋದ. ಹೋಗುವಾಗ ನನ್ನ ತಲೆ ನೇವರಿಸಿದ, ತಾಯಿಯವರಿಗೆ ಕೈಮುಗಿದ. ಕೊಟ್ಟಿಗೆಯ ಕಡೆ ನೋಡಲಿಲ್ಲ. ಕಾಕಾ ನಮ್ಮಲ್ಲೇ ಮುದುಕನಾದ.

ತಂದೆಯವರು 1985ರಲ್ಲಿ ತೀರಿಕೊಂಡರು. ನಾನು ಆಗ ಉಮರ್ಗಾ ಕಡೆಯ ಒಂದು ಪ್ರೌಢಶಾಲೆಯಲ್ಲಿದ್ದೆ. ಕ್ರಿಯೆಗಳು ಮುಗಿದಮೇಲೆ ಕೊಡುವ ಕೊಳ್ಳುವ ಲೆಕ್ಕ ಇತ್ಯರ್ಥಪಡಿಸಲೆಂದು ಕೆಂಪು ಬಟ್ಟೆಯ ಹಳೆಯ ವಹಿಗಳನ್ನು ಬಿಚ್ಚಿದೆ. ತಂದೆಯವರ ಅಕ್ಷರ ದುಂಡಗೆ. ಅಂಕಿ ಕನ್ನಡದ್ದು, ಹೆಸರುಗಳು ಕೆಲವೆಡೆ ಕನ್ನಡದಲ್ಲಿ, ಕೆಲವೆಡೆ ಮರಾಠಿಯಲ್ಲಿ. 1961ರ ಶ್ರಾವಣದ ಪುಟದಲ್ಲಿ ಕಾಕಾನ ಹೆಸರಿನ ಕೆಳಗೆ ‘ವಾನೇರಾ ಎತ್ತಿನ ಬಾಬ್ತು 350’ ಎಂದು ಬರೆದಿತ್ತು. ಎತ್ತಿನ ಬೆಲೆ ಅದೇ. ಅದನ್ನು ಕೊಂಡ ಲೆಕ್ಕವೂ ಹಿಂದಿನ ವಹಿಯಲ್ಲಿದೆ. ಪುಟ ತಿರುವಿದೆ. ದಾದಾನ ಹೆಸರಿನ ಕೆಳಗೂ ‘ವಾನೇರಾ ಎತ್ತಿನ ಬಾಬ್ತು 350’. ಅರ್ಧರ್ಧವಲ್ಲ. ಇಬ್ಬರಿಗೂ ಪೂರ್ತಿ. ಮುಂದಿನ ಎರಡು ಯುಗಾದಿಗಳಲ್ಲಿ ಇಬ್ಬರ ಪಗಾರದಿಂದಲೂ ಅದು ಮುರಿದುಹೋಗಿ, ಕೆಳಗೆ ‘ಚುಕ್ತಾ’ ಎಂದು ಅಡ್ಡಗೆರೆ ಎಳೆದಿತ್ತು.

ತಂದೆಯವರು ಕ್ರೂರಿಗಳಾಗಿರಲಿಲ್ಲ. ಕಾಕಾನ ಮಗಳ ಮದುವೆಗೆ ಎರಡು ಚೀಲ ಜೋಳ ಹಾಗೇ ಕೊಟ್ಟಿದ್ದರು, ದಾದಾನಿಗೆ ವಿಷಮಶೀತಜ್ವರ ಬಂದಾಗ ಬಂಡಿ ಕಟ್ಟಿಸಿ ನಿಲಂಗಾದ ದವಾಖಾನೆಗೆ ಕಳಿಸಿದ್ದರು. ಬಿತ್ತುವ ಹೊತ್ತಿನಲ್ಲಿ ಎತ್ತು ಸತ್ತರೆ ಬೇರೆ ಎತ್ತು ಬಾಡಿಗೆಗೆ ತರಬೇಕು, ಆ ನಷ್ಟವೂ ಉಂಟು ಎಂದು ಅವರ ಪರವಾಗಿ ಬಹಳ ಹೊತ್ತು ಮನಸ್ಸಿನಲ್ಲೇ ವಾದಿಸಿ ನೋಡಿದೆ. ಆದರೆ ಬಾಡಿಗೆಯ ಲೆಕ್ಕ ವಹಿಯಲ್ಲಿ ಬೇರೆಯೇ ಇತ್ತು, 40 ರೂಪಾಯಿ. 350ರ ಎತ್ತಿಗೆ 700 ಬಂದಿತ್ತು. ಗಣಿತದಲ್ಲಿ ಇದಕ್ಕೆ ಬೇರೆ ಉತ್ತರವಿಲ್ಲ.

ಮರುದಿನ ಕಾಕಾನ ಮನೆಗೆ ಹೋದೆ. ಕಣ್ಣು ಮಂಜಾಗಿತ್ತು, ಕಿವಿ ಚೆನ್ನಾಗಿತ್ತು. ವಹಿಯ ಸಂಗತಿ ಹೇಳಿದೆ. ಅವನು ಸಿಟ್ಟಾಗುವನೆಂದೋ ಅಳುವನೆಂದೋ ಎಣಿಸಿದ್ದೆ. ಅವನು ಕೇಳಿದ್ದು ಒಂದೇ ಮಾತು: “ಅವನಿಗೂ ಬರದಿದ್ರೇನ್ರಿ ಗುರುಜಿ?”

“ಬರೆದಿದ್ದಾರೆ ಕಾಕಾ. ಪೂರಾ ಬರೆದಿದ್ದಾರೆ.”

ಬಹಳ ಹೊತ್ತು ಸುಮ್ಮನಿದ್ದು ಅವನು ಹೇಳಿದ: ತಂದೆಯವರು ಅಂದು ಬೆಳಿಗ್ಗೆ ಅವನೊಬ್ಬನನ್ನೇ ಕಟ್ಟೆಗೆ ಕರೆದು, ಇದು ನಿನ್ನ ಹೆಸರಿಗೇ ಬರುತ್ತದೆ, ಆ ಹುಡುಗ ಹೊಸಬ, ಅವನ ಮೇಲೆ ಹಾಕಲಾರೆ, ಈ ಮಾತು ನಮ್ಮಿಬ್ಬರಲ್ಲೇ ಇರಲಿ ಎಂದಿದ್ದರಂತೆ. ತಪ್ಪು ಮಾಡಿದವನು ಪೂರ್ತಿ ಪಗಾರ ಎಣಿಸಿಕೊಂಡು ತನ್ನೆದುರಿಗೇ ಓಡಾಡುತ್ತಾನೆ ಎಂಬುದೇ ಆ ಎರಡು ವರ್ಷ ಅವನನ್ನು ಸುಟ್ಟಿತ್ತು. ನದಿಯಾಚೆಯವನಿಗೂ ಅದೇ ಮಾತನ್ನೇ ಬೇರೆ ಭಾಷೆಯಲ್ಲಿ ಹೇಳಿದ್ದಿರಬೇಕೆಂದು ನಮ್ಮಿಬ್ಬರಿಗೂ ಆಗ ಹೊಳೆಯಿತು. ಮಾತು ಬಿಟ್ಟಿದ್ದ ಇಬ್ಬರು ಒಬ್ಬರನ್ನೊಬ್ಬರು ಕೇಳುವಂತಿರಲಿಲ್ಲ. ನನ್ನ ಮೂಲಕ ಹಗ್ಗದ ಮಾತು ದಾಟಿತು, ಮೇವಿನ ಮಾತು ದಾಟಿತು. ದುಡ್ಡಿನ ಮಾತನ್ನು ಧಣಿಯ ಮಗನ ಬಾಯಿಂದ ಯಾರು ದಾಟಿಸಿಯಾರು?

ಹಣ ಹಿಂದಿರುಗಿಸುವೆನೆಂದೆ. ಕಾಕಾ ಅದಕ್ಕೆ ಹೂಂ ಎನ್ನಲಿಲ್ಲ, ಉಹೂಂ ಎನ್ನಲಿಲ್ಲ. “ಅದೆಲ್ಲ ಹಿಂದ್ಗಡಿ ನೋಡೂಣ್ರಿ. ಆ ಪಾನ ಅವನ ಮುಂದ ಓದ್ರಿ” ಎಂದ.

ಎರಡು ದಿನ ಕಳೆದು ವಹಿಯನ್ನು ಚೀಲದಲ್ಲಿಟ್ಟುಕೊಂಡು, ಕಾಕಾನ ಕೈ ಹಿಡಿದು ಎಸ್.ಟಿ. ಬಸ್ಸು ಹತ್ತಿಸಿದೆ. ನದಿಯಾಚೆಯ ಊರಿನಲ್ಲಿ ಮನೆ ಹುಡುಕುವುದು ಕಷ್ಟವಾಗಲಿಲ್ಲ. ದಾದಾ ಈಗ ಎರಡೆಕರೆ ಹೊಲದ ಒಡೆಯ, ಕಿವಿಯ ಮೇಲೆ ನರೆಗೂದಲು, ಮನೆಯ ಮುಂದೆ ಬಾಳಂಕ್ಯಾ ಜೋಡಿ. ನನ್ನನ್ನು ಗುರುತಿಸಿ ಓಡಿಬಂದ. ಹಿಂದೆ ನಿಂತ ಕಾಕಾನನ್ನು ಕಂಡು ಅಲ್ಲೇ ನಿಂತ. ಅವನ ಹೆಂಡತಿ ಚಾಪೆ ಹಾಸಿದಳು, ತಂಬಿಗೆಯಲ್ಲಿ ನೀರು ತಂದಳು. ಯಾರೂ ಮಾತಾಡಲಿಲ್ಲ. ನಾನು ವಹಿ ತೆಗೆದು ಮೊದಲು ದಾದಾನ ಪುಟವನ್ನು ಮರಾಠಿಯಲ್ಲಿ ಓದಿದೆ, ಅನಂತರ ಕಾಕಾನ ಪುಟವನ್ನು ಕನ್ನಡದಲ್ಲಿ ಓದಿದೆ. ಓದಿದ್ದು ಸಾಲದೆಂದು ದಾದಾ ವಹಿಯನ್ನೇ ಎಳೆದುಕೊಂಡು, ಅಕ್ಷರ ಬಾರದಿದ್ದರೂ, ಎರಡೂ ಪುಟದ 350ರ ಮೇಲೆ ಬೆರಳಿಟ್ಟು ಎರಡು ಗುರುತುಗಳೂ ಒಂದೇ ಆಗಿವೆಯೆ ಎಂದು ಹೋಲಿಸಿ ನೋಡಿದ.

ಆಮೇಲೆ ಅವನು ನನ್ನ ಕಡೆ ತಿರುಗದೆ, ನೇರವಾಗಿ ಕಾಕಾನನ್ನೇ ನೋಡಿ ತನ್ನ ಅರ್ಧ ಕನ್ನಡದಲ್ಲಿ ಹೇಳಿದ: “ಖರೆ ಹೇಳ್ ಕಾಕಾ. ಆ ದಿನ ಹಗ್ಗ ನೀನೇ ಕಟ್ಟಿದ್ದಿ.”

“ಎಲ್ಲಿಂದ ಕಟ್ಟಲಿ? ನೀರು ಕುಡ್ಸಲಾಕ ಒಯ್ದಾಂವ ನೀನು!”

ವಾದ ಇಪ್ಪತ್ತನಾಲ್ಕು ವರ್ಷದ ಹಿಂದೆ ಎಲ್ಲಿ ನಿಂತಿತ್ತೋ ಅಲ್ಲಿಂದಲೇ ಆರಂಭವಾಯಿತು. ಗಂಟು ಎಂಥದು, ಗೂಟ ಯಾವುದು, ಅಂದು ಬೆಳದಿಂಗಳಿತ್ತೋ ಇಲ್ಲವೋ, ಎತ್ತಿಗೆ ಗಂಟು ಬಿಚ್ಚುವ ಚಾಳಿ ಮೊದಲೇ ಇತ್ತೋ ಏನೋ. ದಾದಾನ ಹೆಂಡತಿ ಚಹಾ ತಂದಳು, ಆರಿತು, ಮತ್ತೆ ಬಿಸಿ ಮಾಡಿ ತಂದಳು. ನಡುವೆ ನನ್ನನ್ನು ಯಾರೂ ಕರೆಯಲಿಲ್ಲ. ನಿಲಂಗಾಕ್ಕೆ ಕೊನೆಯ ಬಸ್ಸು ಐದೂವರೆಗೆ ಇತ್ತು. ನಾನು ಎರಡು ಸಲ ಗಡಿಯಾರ ತೋರಿಸಿದೆ. ಆಮೇಲೆ ವಹಿಯನ್ನು ಚೀಲಕ್ಕೆ ಹಾಕಿ, ಅಂದು ರಾತ್ರಿ ಅಲ್ಲೇ ಉಳಿಯುವುದಾಗಿ ಆ ತಾಯಿಗೆ ಹೇಳಿದೆ.